ಇಬ್ಬರು ಒಳಗೆ, ಒಬ್ಬ ಹೊರಗೆ

ದಿನಾಂಕ 11-03-2025, ಮಂಗಳವಾರ, ಸಂಜೆ 5 ಗಂಟೆ 40 ನಿಮಿಷ. ಎಚ್.ಡಿ. ಕೋಟೆ ತಾಲ್ಲೂಕಿನ ಕಾಡಂಚಿನ ಠಾಣೆಯೊಂದರಲ್ಲಿ ಹೆಡ್ ಕಾನ್‌ಸ್ಟೆಬಲ್ ಅಂಕಯ್ಯ ಠಾಣಾ ದಿನಚರಿ ಬರೆಯುತ್ತ ಕುಳಿತಿದ್ದ. ಮೂವತ್ತೆರಡು ವರ್ಷದ ಸರ್ವಿಸ್ಸಿನಲ್ಲಿ ಅವನು ಓಡಿ ಹಿಡಿದ ಕಳ್ಳರು ಬೆರಳೆಣಿಕೆಯಷ್ಟು, ಬರೆದ ಕಾಗದ ಮಾತ್ರ ಒಂದು ಗಾಡಿಯಷ್ಟು. ಅಕ್ಷರ ದುಂಡಗೆ, ಸಾಲು ನೆಟ್ಟಗೆ. ಬಂದುಹೋದ ಇನ್‌ಸ್ಪೆಕ್ಟರುಗಳೆಲ್ಲ ಪಂಚನಾಮೆ ಎಂದರೆ ಅಂಕಯ್ಯನನ್ನೇ ಕರೆಯುತ್ತಿದ್ದರು. ನಿವೃತ್ತಿಗೆ ಇನ್ನು ನಾಲ್ಕು ತಿಂಗಳಿತ್ತು.

ಹೊರಗೆ ಬೈಕು ನಿಂತ ಸದ್ದಾಯಿತು. ಮೊಳಕಾಲವರೆಗೆ ಕೆಸರು ಮೆತ್ತಿಕೊಂಡ, ಹಸಿರು ಅಂಗಿಯ, ಐವತ್ತರ ಆಸುಪಾಸಿನ ಒಬ್ಬ ಮನುಷ್ಯ ಬಂದು ಬಾಗಿಲಲ್ಲೇ ನಿಂತ.

"ಸಾ, ನಮ್ ಸಾರ್‌ನ ಆನೆ ತುಳ್ದಾಕ್ಬುಟ್ಟದೆ."

"ಯಾವ ಸಾರು?"

"ರೇಣುಕಾಪ್ರಸಾದ್ ಸಾರು. ಕ್ಯಾಮೆರಾದವ್ರು."

"ನಿನ್ನ ಹೆಸರು?"

"ಸಣ್ಣಯ್ಯ. ಅವ್ರ ಜೊತೇಲಿ ಇಪ್ಪತ್ತೆರಡ್ ವರ್ಷದಿಂದ ಇವ್ನಿ ಸಾ."

ಅಂಕಯ್ಯನ ಪೆನ್ನು ಒಂದು ಗಳಿಗೆ ನಿಂತಿತು. ಮುಖ ನೋಡಿದ ಮೇಲೆ ಗುರುತು ಹತ್ತಿತ್ತು. ಇವನು ಕುಳ್ಳಯ್ಯನ ಅಣ್ಣ. ಹನ್ನೊಂದು ವರ್ಷದ ಹಿಂದೆ ಆನೆಯ ಕಾಲಿಗೆ ಸಿಕ್ಕಿ ಸತ್ತ ಕುಳ್ಳಯ್ಯನ ಪಂಚನಾಮೆ ಬರೆದದ್ದೂ ಇದೇ ದುಂಡು ಅಕ್ಷರವೇ. 'ಮೃತನು ಸೌದೆ ತರಲು ಕಾಡಿಗೆ ಹೋಗಿದ್ದು, ಶವದಿಂದ ಮದ್ಯದ ವಾಸನೆ ಬರುತ್ತಿತ್ತು' ಎಂದು ಬರೆದಿದ್ದ. ಅಂದಿನಿಂದ ಕುಳ್ಳಯ್ಯನ ಹೆಂಡತಿ ಪುಟ್ಟಸಿದ್ದಮ್ಮ ಅಂತರಸಂತೆಯ ಸಂತೆಯಲ್ಲಿ ಸೊಪ್ಪು ಮಾರುತ್ತಾಳೆ. ಅಂಕಯ್ಯ ಎದುರಿಗೆ ಬಂದರೆ ಸೊಪ್ಪಿನ ಕಟ್ಟು ಬಿಚ್ಚಿ ಮತ್ತೆ ಕಟ್ಟುತ್ತ ಕೂರುತ್ತಾಳೆ, ತಲೆ ಎತ್ತುವುದಿಲ್ಲ. ಅಂಕಯ್ಯ ಸೊಪ್ಪನ್ನು ಬೇರೆಯವರ ಹತ್ತಿರ ಕೊಳ್ಳುತ್ತಾನೆ.

"ಎಷ್ಟೊತ್ತಿಗೆ ನೋಡಿದೆ?"

"ಈಗ ನಾಕೂಮುಕ್ಕಾಲ್ಗೆ. ಬೆಳಗ್ಗೆ ಆರೂಕಾಲ್ಗೆ ಸಾರ್‌ನ ಗುಡಾರದ ಮರೆ ಒಳಕ್ಕೆ ಬುಟ್ಟು ಬಂದಿದ್ದೆ. ಕರ್ಕೊಂಡ್ ಬರನ ಅಂತ ಓದ್ರೆ ಮರೆ ಎಲ್ಲ ಕಿತ್ತಾಕದೆ, ಸಾರ್ ಬಿದ್ದವ್ರೆ."

"ಏನಾದ್ರೂ ಮುಟ್ಟಿದ್ಯಾ?"

"ಇಲ್ಲ ಸಾ. ನೋಡ್ದೇಟ್ಗೆ ಓಡ್ಬಂದೆ."

ಅಂಕಯ್ಯ ಅದನ್ನು ಅವನು ಹೇಳಿದಂತೆಯೇ ಬರೆದುಕೊಂಡು ಸಹಿ ಹಾಕಿಸಿದ. ಅಸಹಜ ಸಾವು ಎಂದು ಯು.ಡಿ.ಆರ್. ದಾಖಲಾಯಿತು.

ರೇಣುಕಾಪ್ರಸಾದ್ ಯಾರೆಂದು ಆ ಸೀಮೆಯಲ್ಲಿ ಹೇಳಿಕೊಡಬೇಕಾಗಿರಲಿಲ್ಲ. ಹುಣಸೂರು ತಾಲ್ಲೂಕು ಕಟ್ಟೆಮಳಲವಾಡಿಯ ತಂಬಾಕು ಬೆಳೆಗಾರರ ಮಗ. ಹುಣಸೂರಿನಲ್ಲಿ ಮದುವೆ ವಿಡಿಯೋ ತೆಗೆಯುತ್ತಿದ್ದವನು, ಆನೆ ಚಿತ್ರಿಸಲು ಬಂದ ಹೊರದೇಶದ ತಂಡವೊಂದಕ್ಕೆ ಪೆಟ್ಟಿಗೆ ಹೊರುವ ಆಳಾಗಿ ಸೇರಿ, ಮೂವತ್ತು ವರ್ಷದಲ್ಲಿ ಅಂಥ ತಂಡಗಳೇ ಕಾದು ಕರೆಯುವಷ್ಟು ದೊಡ್ಡ ಕ್ಯಾಮೆರಾಮನ್ ಆದ. ಸೀಳುನಾಯಿ, ಹುಲಿ, ನೀರುನಾಯಿ, ಆನೆ, ಎಲ್ಲವೂ ಅವನ ಲೆನ್ಸಿಗೆ ಮುಖ ಕೊಟ್ಟಿದ್ದವು. ಹದಿನಾಲ್ಕು ಗಂಟೆ ಕೆಮ್ಮದೆ ಕೂರಬಲ್ಲ ಎಂದು ಹೆಸರಾಗಿದ್ದ. ಪತ್ರಿಕೆಯವರು 'ಕಾಡಿನ ಕಣ್ಣು' ಎಂದು ಬಿರುದು ಕೊಟ್ಟಿದ್ದರು. ಬಿರುದು ಕೊಡಲು ಪತ್ರಿಕೆಯವರಿಗೇನು ಕಷ್ಟ. ಈಗ ಎರಡು ಕೆಲಸ ಒಟ್ಟಿಗೆ ಹಿಡಿದಿದ್ದ. ಒಂದು, ಕಬಿನಿ ಹಿನ್ನೀರಿನ ಒಣಮರದಲ್ಲಿ ಗೂಡು ಕಟ್ಟಿದ್ದ ಮೀನುಗಿಡುಗದ ಚಿತ್ರ. ಇನ್ನೊಂದು, ತನ್ನದೇ ಮೂವತ್ತು ವರ್ಷದ ಕೆಲಸದ ಬಗ್ಗೆ ಒಂದು ಚಿತ್ರ. ಹಳೆಯ ಚಿತ್ರಣವನ್ನೆಲ್ಲ ಅದಕ್ಕಾಗಿ ಹುಡುಕಿ ತೆಗೆಸುತ್ತಿದ್ದ.

ಇನ್‌ಸ್ಪೆಕ್ಟರ್ ಗೌತಮಿ ಆ ಸಂಜೆಯೇ ಸ್ಥಳ ನೋಡಿ, ಶವವನ್ನು ತಾಲ್ಲೂಕು ಆಸ್ಪತ್ರೆಗೆ ಕಳಿಸಿ, ಕಾವಲು ಹಾಕಿಸಿದಳು. ಕೆ.ಆರ್. ನಗರದ ಕಡೆಯ ಭತ್ತದ ಬಯಲಿನ ಹೆಣ್ಣುಮಗಳು. ಕಾಡಿನ ವಿಷಯ ತನಗೆ ಗೊತ್ತಿಲ್ಲ ಎಂದು ಬಾಯಿಬಿಟ್ಟು ಹೇಳುತ್ತಿದ್ದಳು, ಗೊತ್ತಿದ್ದವರನ್ನು ಕೇಳುತ್ತಿದ್ದಳು. ಇಲಾಖೆಯಲ್ಲಿ ಅಂಥವರು ಅಪರೂಪ.

ಬುಧವಾರ ಬೆಳಗ್ಗೆ 6 ಗಂಟೆ 50 ನಿಮಿಷಕ್ಕೆ ಸ್ಥಳ ಪಂಚನಾಮೆ ಶುರುವಾಯಿತು. ಹಿನ್ನೀರು ಇಳಿದು ಹುಲ್ಲು ಚಿಗುರಿದ ದಡ. ಹಸಿರು ಬಟ್ಟೆ, ಲಂಟಾನದ ಸೊಪ್ಪು ಹೊದಿಸಿದ ಪುಟ್ಟ ಗುಡಾರ ನೆಲಕಚ್ಚಿತ್ತು. ಕ್ಯಾಮೆರಾದವರು ಅದನ್ನು ಮರೆ ಎನ್ನುತ್ತಾರೆ. ಸುತ್ತ ಆನೆಯ ಹೆಜ್ಜೆ, ಲದ್ದಿ. ಫಾರೆಸ್ಟ್ ಗಾರ್ಡ್ ಕುಕ್ಕರುಗಾಲಲ್ಲಿ ಕೂತು ಹೆಜ್ಜೆಯ ಅಂಚನ್ನು ಬೆರಳಿಂದ ಮುಟ್ಟಿ ನೋಡಿದ.

"ನಿನ್ನೆ ಸಂಜೆ ಕತ್ಲಲ್ಲಿ ಆನೆನೇ ಅಂದಿದ್ದೆ ಮೇಡಮ್. ಈಗ ನೋಡಿದ್ರೆ ಇದು ಭಾನ್ವಾರದ್ದು. ಅಂಚು ಒಣಗೋಗದೆ. ಹೊಸ ಹೆಜ್ಜೆ ಒಂದೂ ಇಲ್ಲ."

ಅಂಕಯ್ಯ ಬರೆಯುತ್ತ ಹೋದ. ಕ್ಯಾಮೆರಾ ಒಂದು, ಒಡೆದಿದೆ. ಮೂರುಕಾಲಿನ ಸ್ಟ್ಯಾಂಡ್ ಒಂದು, ಕಾಲು ಬಾಗಿದೆ. ಊಟದ ಡಬ್ಬಿ ಒಂದು, ಎರಡು ರಾಗಿರೊಟ್ಟಿ, ತಿಂದಿಲ್ಲ. ನೀರಿನ ಬಾಟಲಿ, ತುಂಬ ಇದೆ. ಕಪ್ಪು ಪೆಟ್ಟಿಗೆ ಒಂದು.

ಕಾನ್‌ಸ್ಟೆಬಲ್ ಸುನೀಲ್‌ಕುಮಾರ್ ಪೆಟ್ಟಿಗೆ ತೆರೆದ. ಪೊಲೀಸಿಗೆ ಸೇರುವ ಮುಂಚೆ ಅವನು ಪಿರಿಯಾಪಟ್ಟಣದಲ್ಲಿ ಆರು ವರ್ಷ ಮದುವೆ ವಿಡಿಯೋ ತೆಗೆದವನು. ಒಳಗೆ ತೋಳುದ್ದದ ಲೆನ್ಸು ಮೆತ್ತನೆಯ ಬಟ್ಟೆಯಲ್ಲಿ ಸುತ್ತಿಕೊಂಡು ಮಲಗಿತ್ತು. ಎರಡು ತುದಿಗೂ ಮುಚ್ಚಳ. ಮೂಲೆಯಲ್ಲಿ ತೇವ ಹೀರುವ ಎರಡು ಪುಟ್ಟ ಪೊಟ್ಟಣ. ಗಾಜಿನ ಮೇಲೆ ಒಂದು ಧೂಳಿನ ಕಣವಿಲ್ಲ.

ಸುನೀಲ್‌ಕುಮಾರ್ ಹುಬ್ಬು ಗಂಟು ಹಾಕಿದ.

"ಮೇಡಮ್, ಶೂಟಿಂಗ್ ಮಾಡ್ತಾ ಕೂತವ್ರ ಲೆನ್ಸ್ ಕ್ಯಾಮೆರಾದಲ್ಲಿರ್ಬೇಕು. ಪೆಟ್ಟಿಗೇಲಿ ಯಾಕದೆ?"

"ಅವರೇ ಬಿಚ್ಚಿ ಇಟ್ಟಿರಬಹುದಲ್ಲ?"

"ಹೊರಡೋ ಹೊತ್ತಾದ್ರೆ ಕ್ಯಾಮೆರಾನೂ ಎತ್ತಿಡ್ತಿದ್ರು. ಇದನ್ನ ಒರೆಸಿ, ಸುತ್ತಿ, ಪೊಟ್ಟಣ ಹಾಕಿ ಲಾಕ್ ಮಾಡವ್ರೆ. ಬೂಸ್ಟು ಹಿಡೀದಿರ್ಲಿ ಅಂತ. ಇದು ಅಸಿಸ್ಟೆಂಟ್ ಮಾಡೋ ಕೆಲ್ಸ."

ಗೌತಮಿ ಅಂಕಯ್ಯನ ಕಡೆ ನೋಡಿದಳು. "ಫಿರ್ಯಾದಿಲಿ ಏನಂದಿದ್ದ?"

"ಏನೂ ಮುಟ್ಟಿಲ್ಲ ಅಂದಿದ್ದ ಮೇಡಮ್."

ದಡದಲ್ಲಿ ಬಲೆ ಒಣಗಿಸುತ್ತಿದ್ದ ಮೀನುಗಾರ ಸಣ್ಣಬೀರಯ್ಯನನ್ನು ಕರೆಸಿದರು.

"ನಿನ್ನೆ ಬೆಳಗ್ಗೆ ಏನು ನೋಡ್ದೆ?"

"ದಿನಾ ನೋಡದೆ ಕಣವ್ವ. ಇಬ್ರು ಒಳಕ್ಕೋದ್ರು, ಒಬ್ರು ಈಚಿಗ್ ಬಂದ್ರು."

"ಹಾಗೆ ಯಾಕೆ?"

"ಒಬ್ರೇ ಓಗಿ ಕೂತ್ರೆ ಗಿಡುಗ ಗೂಡ್ಗೆ ಬರಕಿಲ್ಲ, ಒಳಗವ್ರೆ ಅಂತ ಗೊತ್ತಾಯ್ತದೆ. ಇಬ್ರು ಓಗಿ ಒಬ್ರು ಈಚಿಗ್ ಬಂದ್ರೆ ಎಲ್ರೂ ಓದ್ರು ಅನ್ಕತ್ತದೆ. ಅದ್ಕೆ ಲೆಕ್ಕ ಬರಕಿಲ್ವಂತೆ. ಸಣ್ಣಯ್ಯನೇ ಯೋಳಿದ್ದ."

"ಈಚೆ ಬಂದವನು ಎಷ್ಟೊತ್ತಿಗೆ ಬಂದ?"

"ನಿನ್ನೆ ವಸಿ ತಡ ಆಯ್ತು. ಆರೂವರೆ ಆಗಿರ್ಬೇಕು. ಬೈಕ್ ತಾವ ಬಂದು ಕೈ ತೊಳ್ಕಂಡ."

"ಆಮೇಲೆ?"

"ಎಂಟು ಗಂಟೆಗೆ ಗಿಡುಗ ಒಂದು ಭಾರಿ ಮೀನ್ ತಂದು ಮರಿಗೆ ಕೊಡ್ತು. ಅಬ್ಬಾ, ಏನ್ ಮೀನು ಅಂತೀರಿ! ಕ್ಯಾಮೆರಾ ಸಾರ್‌ಗೆ ಹಬ್ಬ ಅನ್ಕಂಡೆ."

ಒಡೆದ ಕ್ಯಾಮೆರಾದಿಂದ ಸುನೀಲ್‌ಕುಮಾರ್ ಮೆಮೊರಿ ಕಾರ್ಡ್ ತೆಗೆದ. ಪಂಚರ ಎದುರಿಗೆ ಜೀಪಿನಲ್ಲೇ ಲ್ಯಾಪ್‌ಟಾಪಿಗೆ ಹಾಕಿ ನೋಡಿದರು. ಎಂಟು ಗಂಟೆಯ ಮೀನು ಅದರಲ್ಲಿರಲಿಲ್ಲ. ಕೊನೆಯ ಚಿತ್ರಣ ಬೆಳಗ್ಗೆ 6 ಗಂಟೆ 21 ನಿಮಿಷದ್ದು. ಗಿಡುಗ ಬಂದು ಗೂಡಿನ ಅಂಚಿನಲ್ಲಿ ಕೂತಿತು, ಮರಿಯ ಕಡೆ ಬಗ್ಗಿತು. ಚಿತ್ರ ಒಮ್ಮೆ ಅಲುಗಿತು. ಗಿಡುಗ ಬೆದರಿ ಹಾರಿತು. ಕ್ಯಾಮೆರಾ ಅದರ ಹಿಂದೆ ತಿರುಗಲಿಲ್ಲ. ಬರಿಯ ಗೂಡನ್ನೇ ಎರಡು ನಿಮಿಷ ನೋಡುತ್ತಿದ್ದು ಆಮೇಲೆ ನಿಂತಿತು. ಯಾರೋ ಕೈಯಿಂದಲೇ ನಿಲ್ಲಿಸಿದ್ದರು.

"ಹಕ್ಕಿ ಹಾರೋದನ್ನ ಬಿಡೋ ಜಾತಿಯವರಲ್ಲ ಇವರು," ಎಂದ ಸುನೀಲ್‌ಕುಮಾರ್ ಮೆಲ್ಲಗೆ.

ಮಧ್ಯಾಹ್ನ 2 ಗಂಟೆಗೆ ಶವಪರೀಕ್ಷೆ ಮಾಡಿದ ವೈದ್ಯರು ಹೇಳಿದ್ದು ಚುಟುಕು. ತಲೆಯ ಹಿಂಭಾಗದಲ್ಲಿ ಒಂದೇ ಪೆಟ್ಟು, ಭಾರವಾದ ಚಪ್ಪಟೆ ಲೋಹದ್ದು. ಪಕ್ಕೆಲುಬು ಒಂದೂ ಮುರಿದಿಲ್ಲ. ಹೊಟ್ಟೆ ಖಾಲಿ. ಸಾವು ಬೆಳಗಿನ ಹೊತ್ತಿನದು. ಆನೆ ತುಳಿದಿದ್ದರೆ ಹೀಗಿರುವುದಿಲ್ಲ ಎಂದು ಬೇರೆ ಹೇಳಬೇಕಾಗಿರಲಿಲ್ಲ. ಸಂಜೆ 4 ಗಂಟೆ 10 ನಿಮಿಷಕ್ಕೆ ಬಿ.ಎನ್.ಎಸ್. ಕಲಂ 103ರ ಪ್ರಕಾರ ಕೊಲೆ ಎಂದು ಎಫ್‌ಐಆರ್ ದಾಖಲಾಯಿತು.

ಅಂತರಸಂತೆಯಲ್ಲಿ ರೇಣುಕಾಪ್ರಸಾದ್ ಬಾಡಿಗೆಗೆ ಹಿಡಿದಿದ್ದ ಮನೆಗೆ ಹೋದಾಗ ಸಣ್ಣಯ್ಯ ಜಗುಲಿಯ ಮೇಲೆ ಕೂತಿದ್ದ. ಓಡಿಹೋಗಿರಲಿಲ್ಲ. ಬೀಗದ ಕೈ ಕೊಟ್ಟು ಮತ್ತೆ ಅಲ್ಲೇ ಕೂತ. ಜೊತೆಗೆ ಒಬ್ಬ ಕಾನ್‌ಸ್ಟೆಬಲನ್ನು ನಿಲ್ಲಿಸಿ ಗೌತಮಿ ಒಳಗೆ ಹೋದಳು.

ಗೋಡೆಯುದ್ದ ಕಪಾಟು, ಅದರಲ್ಲಿ ಸಾಲಾಗಿ ಹಾರ್ಡ್ ಡಿಸ್ಕುಗಳು. ಒಬ್ಬ ಮನುಷ್ಯ ಮೂವತ್ತು ವರ್ಷ ಕಣ್ಣು ಮಿಟುಕಿಸದೆ ನೋಡಿದ್ದೆಲ್ಲ ಅಲ್ಲಿತ್ತು. ಮೇಜಿನ ಮೇಲೆ ಒಂದು ಉದ್ದನೆಯ ರಿಜಿಸ್ಟರು. ಸಣ್ಣಯ್ಯನ ಕೈಬರಹ. ಯಾವ ಡಿಸ್ಕು, ಯಾವ ತಿಂಗಳು, ಯಾವ ಪ್ರಾಣಿ, ಎಷ್ಟು ನಿಮಿಷ, ಫೋಕಸ್ ಹೇಗಿದೆ, ಹೀಗೆ ಅಂಕಣ ಹಾಕಿ ಬರೆದಿದ್ದ. ಸಾವಿರಾರು ಸಾಲು. ಅಂಕಯ್ಯನಿಗೆ ಆ ಬರಹ ಕಂಡು ಒಳಗೊಳಗೇ ಮೆಚ್ಚುಗೆಯಾಯಿತು. ರಿಜಿಸ್ಟರು ಬರೆಯುವವನ ಕಷ್ಟ ರಿಜಿಸ್ಟರು ಬರೆಯುವವನಿಗೇ ಗೊತ್ತು. ಕೊನೆಯ ಸಾಲು 03-03-2025ರದ್ದು.

'ಡಿಸ್ಕ್ 41. ಮೇ 2014. ಒಂಟಿ ಆನೆ. 6 ನಿ. 12 ಸೆ. ಫೋಕಸ್ ಚೆನ್ನಾಗಿದೆ.'

ಅದರ ಮುಂದೆ ಹಾಳೆಗಳೆಲ್ಲ ಬಿಳಿ.

"ಮೇ 2014," ಎಂದ ಅಂಕಯ್ಯ. ಕುಳ್ಳಯ್ಯ ಸತ್ತದ್ದು ಅದೇ ತಿಂಗಳು.

ಸುನೀಲ್‌ಕುಮಾರ್ ಡಿಸ್ಕ್ ಹಾಕಿದ. ಲಂಟಾನ ಪೊದೆಯ ಆಚೆ ಒಂಟಿ ಗಂಡಾನೆ ನಿಂತಿತ್ತು. ಚಿತ್ರದ ಎಡತುದಿಯಿಂದ ಒಬ್ಬ ಗಿಡ್ಡ ಮನುಷ್ಯ ಹೆಗಲ ಮೇಲೆ ಟವಲು ಹಾಕಿಕೊಂಡು ಬಂದ. ಬಿದ್ದ ಮರವೊಂದರ ಬೊಡ್ಡೆಯ ಮೇಲೆ ಹತ್ತಿ, ಅದರುದ್ದಕ್ಕೂ ನೆಟ್ಟಗೆ ನಡೆದು, ಸದ್ದಿಲ್ಲದೆ ಆಚೆಗೆ ಇಳಿದ. ಕುಡಿದವರು ಹಾಗೆ ನಡೆಯುವುದಿಲ್ಲ ಎಂದು ಮೂವತ್ತೆರಡು ವರ್ಷ ಕುಡುಕರನ್ನು ಎತ್ತಿ ತಂದ ಅಂಕಯ್ಯನಿಗೆ ಯಾರೂ ಹೇಳಬೇಕಾಗಿರಲಿಲ್ಲ.

ಕ್ಯಾಮೆರಾದ ಹಿಂದಿನಿಂದ ರೇಣುಕಾಪ್ರಸಾದನ ಧ್ವನಿ ಬಂತು. "ಕುಳ್ಳಯ್ಯ, ಇನ್ನೊಂದ್ ನಾಕ್ ಹೆಜ್ಜೆ. ಟವಲ್ ಬೀಸು. ನನ್ ಕಡೆ ತಿರುಗ್ಲಿ."

"ಸಾರ್, ಕಿವಿ ಬಿಚ್ತು ಸಾರ್. ಬತ್ತದೆ."

"ಬರ್ಲಿ. ಅಲ್ಲೇ ನಿಂತ್ಕೊ."

ಆನೆ ಬಂತು. ಮುಂದಿನದನ್ನು ಗೌತಮಿ ಪೂರ್ತಿ ನೋಡಿದಳು, ನೋಡುವುದು ಅವಳ ಕೆಲಸವಾಗಿತ್ತು. ಅಂಕಯ್ಯ ನಡುವೆ ಗೋಡೆ ನೋಡಿದ. ಕುಳ್ಳಯ್ಯ ಎರಡು ಸಲ 'ಸಾರ್' ಎಂದು ಕೂಗಿದ್ದು ಮಾತ್ರ ಗೋಡೆ ನೋಡಿದರೂ ಕೇಳಿಸಿತು. ಚಿತ್ರ ಎಲ್ಲೂ ಅಲುಗಲಿಲ್ಲ. ಆನೆ ಓಡಿ ಬಂದಷ್ಟೂ ಫೋಕಸ್ ಅದರ ಹಣೆಯ ಮೇಲೇ ಇತ್ತು. ಆನೆ ಪೊದೆಯೊಳಗೆ ಮರೆಯಾಗುವವರೆಗೂ ಕ್ಯಾಮೆರಾ ಓಡುತ್ತಲೇ ಇತ್ತು.

ಆ ಓಟವನ್ನು ದೇಶ ದೇಶದ ಜನ ಟಿವಿಯಲ್ಲಿ ನೋಡಿದ್ದರು. ಅದಕ್ಕೆ ಬಹುಮಾನ ಬಂದಿತ್ತು. ಟವಲು ಬೀಸಿದವನು ಕಾಣುವ ಭಾಗವನ್ನು ಕತ್ತರಿಸಿದ್ದರು, ಅಷ್ಟೇ.

ಗೌತಮಿ ಪರದೆ ಮುಚ್ಚಿದಳು. "ಈ ಸಾವು ನಮ್ಮ ಠಾಣೆಯಲ್ಲಿ ದಾಖಲಾಗಿದೆಯಾ?"

"ಆಗಿದೆ ಮೇಡಮ್. ಯು.ಡಿ.ಆರ್."

"ಪಂಚನಾಮೆ ಬರೆದವರು ಯಾರು?"

"ನಾನೇ."

"ಏನಂತ?"

"ಸೌದೆಗೆ ಹೋಗಿದ್ದ, ಮದ್ಯದ ವಾಸನೆ ಬರ್ತಿತ್ತು ಅಂತ. ರೇಣುಕಾಪ್ರಸಾದ್ ಸಾರ್ ಹೇಳಿದ್ರು. ದೊಡ್ಡ ಮನುಷ್ಯರು, ಸುಳ್ಳು ಹೇಳ್ತಾರಾ ಅಂತ ಬರ್ಕೊಂಡೆ. ಕಾಲ್ನಡಿಗೇಲಿ ಕಾಡೊಳಗೆ ಹೋಗೋಕೆ ಅವ್ರಿಗೆ ಪರ್ಮಿಷನ್ ಇರ್ಲಿಲ್ಲ, ಅದನ್ನ ಮುಚ್ಚೋಕೆ ಹಾಗೆ ಹೇಳ್ತಿದ್ದಾರೆ ಅನ್ನೋದು ನಂಗೆ ಹೊಳೀಲೇ ಇಲ್ಲ."

"ವಾಸನೆ ನೀವು ನೋಡಿದ್ರಾ, ಅಂಕಯ್ಯನವರೇ?"

ಅಂಕಯ್ಯ ತಡೆದು ಹೇಳಿದ. "ಬಗ್ಗಿರ್ಲಿಲ್ಲ ಮೇಡಮ್."

ಗೌತಮಿ ಬೈಯಲಿಲ್ಲ. ಬೈದಿದ್ದರೆ ವಾಸಿಯಿತ್ತು ಎನಿಸಿತು ಅಂಕಯ್ಯನಿಗೆ.

ಸಣ್ಣಯ್ಯನನ್ನು ಒಳಗೆ ಕರೆದರು. ಸಮಯ 6 ಗಂಟೆ 35 ನಿಮಿಷ.

"ಲೆನ್ಸ್ ಪೆಟ್ಟಿಗೆಯಲ್ಲಿ ಇಟ್ಟವರು ಯಾರು?"

ಸಣ್ಣಯ್ಯ ಮುಚ್ಚಿದ ಪರದೆಯನ್ನೊಮ್ಮೆ, ತೆರೆದ ರಿಜಿಸ್ಟರನ್ನೊಮ್ಮೆ ನೋಡಿದ.

"ನಾನೇ ಮೇಡಮ್."

"ಯಾವಾಗ?"

"ನಿನ್ನೆ ಬೆಳಗ್ಗೆ. ಅವ್ರು ಬಿದ್ಮೇಲೆ. ಕೈ ತಾನಾಗೇ ಓಯ್ತು. ಇಪ್ಪತ್ತೆರಡ್ ವರ್ಷ ಮಾಡಿದ್ ಕೆಲ್ಸ. ಬುಟ್ಟು ಬಂದ್ರೆ ಇಬ್ನಿ ಕೂತ್ಕತ್ತದೆ ಅಂತ ಒರ್ಸಿ ಮಡಗ್ದೆ."

"ಮನುಷ್ಯ ಅಲ್ಲಿ ಬಿದ್ದಿದ್ರೂ?"

"ಊಂ."

"ಕ್ಯಾಮೆರಾ ಒಡೆದದ್ದು?"

"ಸಂಜೆ ಓದಾಗ. ಮರೆನೂ ಆವಾಗ್ಲೇ ಕಿತ್ತಾಕ್ದೆ, ಆನೆ ಅನ್ನಲಿ ಅಂತ. ಲೆನ್ಸ್ ಒಡ್ಯಕ್ಕೆ ಮನ್ಸು ಬರ್ನಿಲ್ಲ."

"ಕಾರ್ಡ್ ಯಾಕೆ ತೆಗೀಲಿಲ್ಲ?"

"ಅದ್ರಲ್ಲಿ ಗಿಡುಗ ಇತ್ತಲ್ಲ ಮೇಡಮ್. ಒಂದ್ ತಿಂಗ್ಳು ಕಾದಿದ್ದು."

ಗೌತಮಿ ರಿಜಿಸ್ಟರಿನ ಕೊನೆಯ ಸಾಲಿನ ಮೇಲೆ ಬೆರಳಿಟ್ಟು ಕೇಳಿದಳು. "ಹನ್ನೊಂದು ವರ್ಷ ನಿನಗೆ ಗೊತ್ತಿರಲಿಲ್ವಾ?"

"ಇಲ್ಲ. ಅವತ್ತು ನಂಗೆ ಜ್ವರ. ಸಾರ್ ಕಾಯ್ತಾ ಇರ್ತಾರೆ ಅಂತ ತಮ್ಮನ್ನ ನಾನೇ ಕಳ್ಸಿದ್ದೆ. ಕುಡ್ದು ಸೌದೆಗೋಗಿ ಸತ್ತ ಅಂದ್ರು. ಪೊಲೀಸ್ನೋರೂ ಅಂಗೇ ಬರುದ್ರು. ಬರ್ದಿದ್ಮೇಲೆ ನಿಜ ಇರ್ಬೇಕು ಅನ್ಕಂಡೆ. ನಾನೂ ಅವ್ನ ಬೈಕಂಡೇ ಇದ್ದೆ ಮೇಡಮ್, ಕುಡ್ಕ ನನ್ಮಗ ಎಡ್ತಿ ಬೀದಿಗಾಕ್ದ ಅಂತ. ಆ ಓಟಕ್ಕೆ ಬಹುಮಾನ ಬಂದಾಗ ಚಪ್ಪಾಳೆ ತಟ್ಟಿದ್ದೆ."

ಬರೆದುಕೊಳ್ಳುತ್ತಿದ್ದ ಅಂಕಯ್ಯ ತಲೆ ಎತ್ತಲಿಲ್ಲ.

"ಡಿಸ್ಕ್ ನೋಡಿದ ದಿನವೇ ಯಾಕೆ ಕೇಳಲಿಲ್ಲ?"

"ಎಂಟ್ ದಿನ ಧೈರ್ಯ ಬರ್ನಿಲ್ಲ. ಅನ್ನ ಹಾಕ್ದೋರು. ನಿನ್ನೆ ಮರೆ ಒಳಗೆ ಕೇಳ್ದೆ. ಅಲ್ಲಿ ಜೋರಾಗ್ ಮಾತಾಡಂಗಿಲ್ಲ. ಪಿಸುಮಾತಲ್ಲೇ ಕೇಳ್ದೆ, 'ಸಾರ್, ನಮ್ ಕುಳ್ಳಯ್ಯನ ನೀವೇ ನಿಲ್ಸಿದ್ರಾ' ಅಂತ."

"ಏನಂದರು?"

"'ಶ್, ಗಿಡುಗ ಬಂತು' ಅಂದ್ರು."

ಅಂಕಯ್ಯ ಆ ಮಾತನ್ನೂ ಬರೆದುಕೊಂಡ.

"ಅಷ್ಟೇ ಮೇಡಮ್. ತಿರುಗೂ ನೋಡ್ನಿಲ್ಲ. ಕಾಲ್ತಾವ ಗೂಟ ಹೊಡ್ಯೋ ಸುತ್ಗೆ ಇತ್ತು."

ಸಂಜೆ 7 ಗಂಟೆ 15 ನಿಮಿಷಕ್ಕೆ ಸಣ್ಣಯ್ಯನನ್ನು ಬಂಧಿಸಲಾಯಿತು. ಗುರುವಾರ ಬೆಳಗ್ಗೆ ಅವನೇ ತೋರಿಸಿದ ಜಾಗದಲ್ಲಿ, ಸೊಂಟಮಟ್ಟದ ನೀರಿನಲ್ಲಿ ಸುತ್ತಿಗೆ ಸಿಕ್ಕಿತು. ಅದರ ಮಹಜರನ್ನೂ ಅಂಕಯ್ಯನೇ ಬರೆದ. ಈ ಸಲ ಬಗ್ಗಿ, ಸುತ್ತಿಗೆಯನ್ನು ಕಣ್ಣ ಹತ್ತಿರ ಹಿಡಿದು, ಕಂಡದ್ದನ್ನಷ್ಟೇ ಬರೆದ. ಒಣಮರದ ಮೇಲೆ ಗಿಡುಗ ಕೂತಿತ್ತು. ದಡದಲ್ಲಿ ಇಷ್ಟೊಂದು ಜನರನ್ನು ಕಂಡು ಅದು ಗೂಡಿಗೆ ಬರಲಿಲ್ಲ. ಕೈಗೆ ಕೋಳ ಹಾಕಿಸಿಕೊಂಡು ನಿಂತಿದ್ದ ಸಣ್ಣಯ್ಯ, "ಬೇಗ ಮುಗ್ಸಿ ಸಾ, ಮರಿ ಹಸ್ಕೊಂಡಿರ್ತದೆ," ಎಂದ.

ಮಧ್ಯಾಹ್ನ ನ್ಯಾಯಾಲಯಕ್ಕೆ ಹಾಜರುಪಡಿಸಿ ಬಂದ ಮೇಲೆ ಗೌತಮಿ ಅಂಕಯ್ಯನನ್ನು ಕರೆದು 2014ರ ಹಳೆಯ ಕಡತವನ್ನು ಮೇಜಿನ ಮೇಲಿಟ್ಟಳು.

"ಇದನ್ನು ಮತ್ತೆ ತೆರೆಯೋಕೆ ಮೇಲಕ್ಕೆ ಬರೀತಿದ್ದೀನಿ. ನಿಮ್ಮ ಹೇಳಿಕೆ ಬೇಕು. ಇಲಾಖಾ ವಿಚಾರಣೆ ಆಗುತ್ತೆ, ಅದು ನಿಮಗೂ ಗೊತ್ತು."

"ಗೊತ್ತು ಮೇಡಮ್."

"ನಾಲ್ಕು ತಿಂಗಳಿದೆ ಅಲ್ವಾ ನಿಮಗೆ?"

"ಇರ್ಲಿ ಮೇಡಮ್."

ಅವನು ಅಲ್ಲೇ ಕೂತು ಒಂದೂವರೆ ಪುಟ ಬರೆದ. 'ನಾನು ಬಗ್ಗಿ ನೋಡಿರುವುದಿಲ್ಲ' ಎಂಬ ಸಾಲನ್ನು ಬರೆದು, ಕೆಳಗೆ ಸಹಿ ಮಾಡಿದ. ಅಕ್ಷರ ಎಂದಿನಷ್ಟು ದುಂಡಗೆ ಬರಲಿಲ್ಲ. ಆಮೇಲೆ ಗೌತಮಿ ಇನ್ನೊಂದು ಕಾಗದ ಕೊಟ್ಟಳು. ಮೃತ ಕುಳ್ಳಯ್ಯನ ಹೆಂಡತಿಯ ಹೇಳಿಕೆ ಪಡೆಯಬೇಕಿತ್ತು. ಸುನೀಲ್‌ಕುಮಾರನನ್ನು ಕಳಿಸಲೇ ಎಂದು ಕೇಳಿದಳು. ಅಂಕಯ್ಯ ತಾನೇ ಹೋಗುತ್ತೇನೆ ಎಂದ.

ಪುಟ್ಟಸಿದ್ದಮ್ಮ ಮನೆಯ ಮುಂದೆ ಸೊಪ್ಪು ಸೋಸುತ್ತಿದ್ದಳು. ಭಾವನನ್ನು ಹಿಡಿದುಕೊಂಡು ಹೋದ ಸುದ್ದಿ ಅವಳಿಗೆ ಆಗಲೇ ತಲುಪಿತ್ತು. ಅಂಕಯ್ಯ ಟೋಪಿ ತೆಗೆದು ಕಂಕುಳಲ್ಲಿಟ್ಟುಕೊಂಡು ನಿಂತ. ಎಲ್ಲವನ್ನೂ ಹೇಳಿದ. ಆನೆ, ಟವಲು, ಕ್ಯಾಮೆರಾ, ತಾನು ಬರೆದ ಸಾಲು. ಮುಚ್ಚಿಡಲಿಲ್ಲ.

"ಅವ್ನು ಕುಡ್ದಿರ್ಲಿಲ್ಲ ಕಣವ್ವ," ಎಂದ ಕೊನೆಗೆ.

ಪುಟ್ಟಸಿದ್ದಮ್ಮ ಕೈಯಲ್ಲಿದ್ದ ಸೊಪ್ಪನ್ನು ಕೆಳಗಿಟ್ಟಳು. ಹನ್ನೊಂದು ವರ್ಷದಲ್ಲಿ ಮೊದಲ ಸಲ ಅವನ ಮುಖ ನೋಡಿದಳು.

"ನಂಗೊತ್ತಿತ್ತು ಕಣಣ್ಣ. ಅವತ್ತು ಸ್ವಾಮಾರ. ಮಾದೇಸ್ಪರನ ವಾರ. ಸ್ವಾಮಾರ ಅವ್ರು ಅದ್ನ ಕೈಲೂ ಮುಟ್ತಿರ್ನಿಲ್ಲ."

"ಮತ್ತೆ ಅವತ್ತೇ ಯಾಕವ್ವ ಹೇಳ್ನಿಲ್ಲ?"

"ಯಾರ್ ಕೇಳುದ್ರಿ?"

ಅಂಕಯ್ಯ ಮಣ್ಣಿನ ಜಗುಲಿಯ ಮೇಲೆ ಕೂತ, ಕಾಗದವನ್ನು ತೊಡೆಯ ಮೇಲಿಟ್ಟುಕೊಂಡ, ಪೆನ್ನಿನ ಮುಚ್ಚಳ ತೆಗೆದ.

"ಈಗ ಕೇಳ್ತಿವ್ನಿ. ಹೇಳವ್ವ, ಬರ್ಕತೀನಿ."

ಅವಳು ಸೆರಗಿನಿಂದ ಮುಖ ಒರೆಸಿಕೊಂಡು, ಆ ಸೋಮವಾರ ಬೆಳಗ್ಗೆ ಅವನು ಎದ್ದ ಹೊತ್ತಿನಿಂದ ಹೇಳತೊಡಗಿದಳು.